ಚಂದ್ರನ ಮೇಲ್ಮೈ ಮತ್ತು ಅದರ ಶಿಲೆಗಳು – ಸಾರ್ವಜನಿಕರ ಮಾಹಿತಿಗಾಗಿ

ಚಂದ್ರನು ಭೂಮಿಯ ಏಕೈಕ ನೈಸರ್ಗಿಕ ಉಪಗ್ರಹವಾಗಿದ್ದು, ಭೂಮಿಯಿಂದ ಸರಾಸರಿ 3,84,400 ಕಿ.ಮೀ. ದೂರದಲ್ಲಿದೆ. ಇದರ ವ್ಯಾಸವು ಸುಮಾರು 3,474 ಕಿ.ಮೀ. ಆಗಿದ್ದು, ಭೂಮಿಯ ವ್ಯಾಸದ ಕಾಲು ಭಾಗಕ್ಕಿಂತ ಸ್ವಲ್ಪ ಹೆಚ್ಚು. ಚಂದ್ರನ ಗುರುತ್ವವು ಭೂಮಿಯ ಗುರುತ್ವದ ಆರನೇ ಒಂದು ಭಾಗ ಮಾತ್ರ. 2023ರ ಆಗಸ್ಟ್ 23ರಂದು ಚಂದ್ರಯಾನ-3ರ ವಿಕ್ರಮ್ ಲ್ಯಾಂಡರ್ ಚಂದ್ರನ ದಕ್ಷಿಣ ಧ್ರುವ ಪ್ರದೇಶದ ಸಮೀಪ ಇಳಿದ ತರುವಾಯ ಈ ವಿಷಯದಲ್ಲಿ ಸಾರ್ವಜನಿಕರ ಆಸಕ್ತಿಯು ಹೆಚ್ಚಿರುವುದು ಸಂತೋಷದ ಸಂಗತಿ. ಅದರೊಂದಿಗೆ, "ಚಂದ್ರಶಿಲೆ" ಎಂದು ಹೇಳಿ ಕಲ್ಲುಗಳನ್ನೂ, "ಚಂದ್ರನ ಮೇಲೆ ನಿವೇಶನ" ಎಂದು ಹೇಳಿ ಪ್ರಮಾಣಪತ್ರಗಳನ್ನೂ ಮಾರಾಟಕ್ಕಿಡುವ ಜಾಹೀರಾತುಗಳು ಅಂತರ್ಜಾಲದಲ್ಲಿ ಕಂಡುಬರುತ್ತವೆ. ಒಂದು ಕಲ್ಲು ಚಂದ್ರನದೇ ಅಲ್ಲವೇ ಎಂಬುದನ್ನು ಅರಿಯಬೇಕಾದರೆ ಚಂದ್ರನ ನೆಲವು ಯಾವುದರಿಂದ ಆಗಿದೆ, ಹೇಗೆ ಆಗಿದೆ ಎಂಬ ತಿಳುವಳಿಕೆ ಮೊದಲು ಅವಶ್ಯಕ. ಆದುದರಿಂದ ಈ ಕೆಳಕಂಡ ಮಾಹಿತಿಯನ್ನು ನಾಗರಿಕರ ಅವಗಾಹನೆಗಾಗಿ ಪ್ರಕಟಿಸಲಾಗಿದೆ.

ಬರಿಗಣ್ಣಿಗೆ ಕಾಣುವ ಎರಡು ಬಣ್ಣಗಳು

ಹುಣ್ಣಿಮೆಯ ಚಂದ್ರನಲ್ಲಿ ಮೊಲವಿದೆಯೆಂದು ಶಶಾಂಕನೆಂದೂ, ಜಿಂಕೆಯಿದೆಯೆಂದು ಮೃಗಾಂಕನೆಂದೂ ನಮ್ಮ ಹಿರಿಯರು ಹೆಸರಿಟ್ಟರು. ಇವೆರಡೂ ಒಂದೇ ಕಲೆಗಳನ್ನು ಕಂಡು ಇಟ್ಟ ಹೆಸರುಗಳು. ಯಾವ ಉಪಕರಣವೂ ಇಲ್ಲದೆ ಕಾಣುವ ಈ ಕಪ್ಪು-ಬಿಳುಪಿನ ವ್ಯತ್ಯಾಸವೇ ಚಂದ್ರನ ಭೂವಿಜ್ಞಾನದ ಮೊದಲ ಪಾಠವಾಗಿದೆ. ಅಲ್ಲಿ ಮುಖ್ಯವಾಗಿ ಎರಡು ಬಗೆಯ ಶಿಲೆಗಳಿವೆ, ಮತ್ತು ಅವೆರಡೂ ಬೇರೆ ಬೇರೆ ಕಾಲದಲ್ಲಿ ಬೇರೆ ಬೇರೆ ರೀತಿಯಲ್ಲಿ ಉಂಟಾದವು.

1609ರಲ್ಲಿ ಗೆಲಿಲಿಯೋ ತನ್ನ ದೂರದರ್ಶಕವನ್ನು ಚಂದ್ರನತ್ತ ತಿರುಗಿಸಿದಾಗ ಅದು ನುಣುಪಾದ ಗೋಳವಲ್ಲ, ಬೆಟ್ಟ ಕಣಿವೆಗಳುಳ್ಳ ನೆಲ ಎಂಬುದು ಕಂಡುಬಂದಿತು. ಕಪ್ಪು ಬಯಲುಗಳನ್ನು ಆ ಶತಮಾನದ ಖಗೋಳಜ್ಞರು ಸಾಗರಗಳೆಂದು ಕರೆದರು. 1651ರಲ್ಲಿ ಇಟಲಿಯ ರಿಚಿಯೋಲಿ ಪ್ರಕಟಿಸಿದ ನಕ್ಷೆಯಲ್ಲಿನ ಪ್ರಶಾಂತ ಸಾಗರ, ವೃಷ್ಟಿ ಸಾಗರ, ಬಿರುಗಾಳಿಗಳ ಮಹಾಸಾಗರ ಮುಂತಾದ ಹೆಸರುಗಳು ಇಂದಿಗೂ ಅಧಿಕೃತವಾಗಿ ಬಳಕೆಯಲ್ಲಿವೆ. ಕೆರೆ ಬತ್ತಿ ಬಡಾವಣೆಯಾದ ಮೇಲೂ ಊರಿನ ಹೆಸರಿನಲ್ಲಿ ಕೆರೆ ಉಳಿದಿರುವುದನ್ನು ನಾವು ಕಂಡಿದ್ದೇವೆ. ಅಲ್ಲಿ ಒಂದು ಕಾಲಕ್ಕಾದರೂ ಕೆರೆಯಿತ್ತು. ಚಂದ್ರನ ಸಾಗರಗಳಲ್ಲಿ ನೀರು ಎಂದೂ ಇರಲಿಲ್ಲ.

ಕಪ್ಪು ಬಯಲು : ಉತ್ತರ ಕರ್ನಾಟಕದ ಕರಿಕಲ್ಲಿನ ಸಂಬಂಧಿ

ಚಂದ್ರನ ಕಪ್ಪು ಭಾಗಗಳು ಬಸಾಲ್ಟ್ ಎಂಬ ಶಿಲೆಯಿಂದ ಆಗಿವೆ. ಒಳಗಿನಿಂದ ಬಿರುಕುಗಳ ಮೂಲಕ ಉಕ್ಕಿ ಬಂದ ಲಾವಾರಸವು ತಗ್ಗು ಪ್ರದೇಶಗಳಲ್ಲಿ ಹರಡಿ, ಪದರದ ಮೇಲೆ ಪದರವಾಗಿ ಹೆಪ್ಪುಗಟ್ಟಿ ಈ ಬಯಲುಗಳಾದವು. ಕನ್ನಡಿಗರಿಗೆ ಬಸಾಲ್ಟ್ ಅಪರಿಚಿತ ಶಿಲೆಯಲ್ಲ. ಬೆಳಗಾವಿ, ವಿಜಯಪುರ, ಕಲಬುರಗಿ, ಬೀದರ್ ಜಿಲ್ಲೆಗಳ ವಿಸ್ತಾರವಾದ ಭಾಗವು ದಖ್ಖನ್ ಲಾವಾ ಪ್ರಸ್ತರದ ಮೇಲಿದೆ. ವಿಜಯಪುರದ ಗೋಲಗುಮ್ಮಟವು ಇದೇ ಜಾತಿಯ ಕಲ್ಲಿನಿಂದ ಕಟ್ಟಲ್ಪಟ್ಟಿದೆ.

ಆದರೆ ಎರಡರ ನಡುವೆ ದೊಡ್ಡ ವ್ಯತ್ಯಾಸಗಳೂ ಇವೆ. ದಖ್ಖನ್ ಲಾವಾ ಉಕ್ಕಿದ್ದು ಸುಮಾರು 6.6 ಕೋಟಿ ವರ್ಷಗಳ ಹಿಂದೆ. ಚಂದ್ರನ ಬಸಾಲ್ಟ್‌ನ ಬಹುಭಾಗ ಉಕ್ಕಿದ್ದು ಸುಮಾರು 390 ಕೋಟಿಯಿಂದ 310 ಕೋಟಿ ವರ್ಷಗಳ ಹಿಂದೆ. ನಮ್ಮಲ್ಲಿ ಬಸಾಲ್ಟ್ ಮಳೆಗೆ, ಗಾಳಿಗೆ, ಬೇರುಗಳಿಗೆ ಸಿಕ್ಕಿ ಸವೆದು ಎರೆಮಣ್ಣಾಯಿತು; ಜೋಳ, ಹತ್ತಿ, ಕಡಲೆ ಬೆಳೆಯುವ ಭೂಮಿಯಾಯಿತು. ಚಂದ್ರನಲ್ಲಿ ಮಳೆಯೂ ಇಲ್ಲ, ಗಾಳಿಯೂ ಇಲ್ಲ. ಅದರಿಂದ ಅಲ್ಲಿಯ ಬಸಾಲ್ಟ್ ಖನಿಜಗಳು ಉಂಟಾದಂದಿನ ಸ್ಥಿತಿಯಲ್ಲಿಯೇ ಬಹುಮಟ್ಟಿಗೆ ಉಳಿದಿವೆ. ಚಂದ್ರನಿಂದ ತಂದ ಬಸಾಲ್ಟ್‌ಗಳಲ್ಲಿ ಜೇಡಿಯ ಖನಿಜವಾಗಲಿ, ತುಕ್ಕು ಹಿಡಿದ ಅಂಚಾಗಲಿ ಸಾಮಾನ್ಯವಾಗಿ ಕಾಣುವುದಿಲ್ಲ. ಬದಲಾಗಿ ತುಕ್ಕು ಹಿಡಿಯದ ಶುದ್ಧ ಕಬ್ಬಿಣದ ಸೂಕ್ಷ್ಮ ಕಣಗಳು ದೊರೆತಿವೆ. ಕೆಲವು ಮಾದರಿಗಳಲ್ಲಿ ಟೈಟೇನಿಯಂ ಅಂಶವು ಭೂಮಿಯ ಬಸಾಲ್ಟ್‌ಗಿಂತ ಬಹಳ ಹೆಚ್ಚಾಗಿದೆ. ಮೊದಲ ಮಾದರಿಗಳಲ್ಲಿ ಕಂಡ ಒಂದು ಹೊಸ ಖನಿಜಕ್ಕೆ ಆರ್ಮ್‌ಸ್ಟ್ರಾಂಗ್, ಆಲ್ಡ್ರಿನ್, ಕಾಲಿನ್ಸ್ ಎಂಬ ಮೂವರು ಯಾತ್ರಿಗಳ ಹೆಸರಿನ ಮೊದಲಕ್ಷರಗಳನ್ನು ಕೂಡಿಸಿ ಆರ್ಮಾಲ್ಕೊಲೈಟ್ ಎಂದು ಹೆಸರಿಡಲಾಯಿತು.

ಕಪ್ಪು ಬಯಲುಗಳು ಚಂದ್ರನ ಒಟ್ಟು ಮೇಲ್ಮೈಯ ಸುಮಾರು 17 ಶೇಕಡಾ ಮಾತ್ರ. ಅವುಗಳಲ್ಲಿ ಹೆಚ್ಚಿನವು ನಮಗೆ ಕಾಣುವ ಮುಖದಲ್ಲಿಯೇ ಇವೆ. ಚಂದ್ರನು ಸದಾ ಒಂದೇ ಮುಖವನ್ನು ಭೂಮಿಗೆ ತೋರುವುದರಿಂದ ಹಿಂಬದಿಯು ಹೇಗಿದೆ ಎಂಬುದು 1959ರಲ್ಲಿ ಸೋವಿಯತ್ ಒಕ್ಕೂಟದ ಲೂನಾ-3 ನೌಕೆಯು ಚಿತ್ರ ತೆಗೆಯುವವರೆಗೆ ಯಾರಿಗೂ ತಿಳಿದಿರಲಿಲ್ಲ. ಆ ಚಿತ್ರಗಳಲ್ಲಿ ಸಾಗರಗಳು ಬಹುತೇಕ ಇರಲೇ ಇಲ್ಲ. ಹಿಂಬದಿಯ ತೊಗಟೆಯು ಹೆಚ್ಚು ದಪ್ಪವಾಗಿರುವುದರಿಂದ ಲಾವಾರಸವು ಮೇಲಕ್ಕೆ ಬರಲು ಕಷ್ಟವಾಯಿತೆಂಬುದು ಸಾಮಾನ್ಯವಾಗಿ ನೀಡುವ ವಿವರಣೆ. ಎರಡು ಮುಖಗಳು ಏಕೆ ಇಷ್ಟು ಭಿನ್ನ ಎಂಬ ಪ್ರಶ್ನೆಗೆ ಮಾತ್ರ ವಿಜ್ಞಾನಿಗಳಲ್ಲಿ ಇನ್ನೂ ಒಮ್ಮತವಿಲ್ಲ.

ಬಿಳಿಯ ನೆಲ : ಪೆಟ್ಟಿಗೆಯ ಖಾಲಿ ಜಾಗ ತುಂಬಿದ ಮಣ್ಣು

ಹೊಳೆಯುವ ಬಿಳಿಯ ಭಾಗಗಳು ಎತ್ತರದ ಪ್ರದೇಶಗಳು. ಇವು ಯಾವುದರಿಂದ ಆದವು ಎಂಬುದು ತಿಳಿದ ಬಗೆಯು ಸ್ವಲ್ಪ ವಿವರವಾಗಿ ಹೇಳಲು ಯೋಗ್ಯವಾಗಿದೆ.

1969ರ ಜುಲೈ 20ರಂದು ಅಪೊಲೊ-11ರ ಯಾತ್ರಿಗಳು ಇಳಿದದ್ದು ಕಪ್ಪು ಬಯಲಾದ ಪ್ರಶಾಂತ ಸಾಗರದಲ್ಲಿ. ಅವರು ಹೊರಗೆ ಕಳೆದ ಸಮಯ ಎರಡೂವರೆ ಗಂಟೆ ಮಾತ್ರ. ಕಲ್ಲುಗಳನ್ನು ತುಂಬಿದ ಪೆಟ್ಟಿಗೆಯಲ್ಲಿ ಇನ್ನೂ ಜಾಗ ಉಳಿದಿರುವುದನ್ನು ಕಂಡ ನೀಲ್ ಆರ್ಮ್‌ಸ್ಟ್ರಾಂಗ್ ಕೊನೆಯಲ್ಲಿ ಹಲವು ಬಾರಿ ಮಣ್ಣನ್ನು ಬಾಚಿ ಅದನ್ನು ಭರ್ತಿ ಮಾಡಿದರು. ಒಟ್ಟು ಸುಮಾರು 21.5 ಕೆ.ಜಿ. ಮಾದರಿಗಳು ಭೂಮಿಗೆ ಬಂದವು. ನಿರೀಕ್ಷಿಸಿದಂತೆ ಕಲ್ಲುಗಳು ಬಸಾಲ್ಟ್ ಆಗಿದ್ದವು. ಆದರೆ ಮಣ್ಣನ್ನು ಸೂಕ್ಷ್ಮದರ್ಶಕದಡಿ ಇಟ್ಟು ಪರೀಕ್ಷಿಸಿದ ಅಮೆರಿಕದ ವಿಜ್ಞಾನಿ ಜಾನ್ ವುಡ್ ಮತ್ತು ಸಂಗಡಿಗರಿಗೆ ಕಪ್ಪು ಹರಳುಗಳ ನಡುವೆ ಅಲ್ಲೊಂದು ಇಲ್ಲೊಂದು ಬಿಳಿಯ ಚೂರುಗಳು ಕಂಡವು. ಅವು ಅನಾರ್ಥೊಸೈಟ್ ಎಂಬ ಶಿಲೆಯ ಚೂರುಗಳು. ಅಂದರೆ ಬಹುಪಾಲು ಕ್ಯಾಲ್ಸಿಯಂಯುಕ್ತ ಫೆಲ್ಡ್‌ಸ್ಪಾರ್ ಖನಿಜವೊಂದರಿಂದಲೇ ಆದ ಶಿಲೆ.

ಈ ಚೂರುಗಳು ಆ ಬಯಲಿಗೆ ಸೇರಿದವಲ್ಲ. ದೂರದ ಎತ್ತರದ ಪ್ರದೇಶದಲ್ಲಿ ಉಲ್ಕೆಗಳು ಬಡಿದಾಗ ಅಲ್ಲಿಂದ ಸಿಡಿದು ಬಂದು ಬಿದ್ದವು ಎಂದು ವಿಜ್ಞಾನಿಗಳು ಊಹಿಸಿದರು. ಹಾಗಾದರೆ ಎತ್ತರದ ಪ್ರದೇಶವೆಲ್ಲ ಅನಾರ್ಥೊಸೈಟ್ ಆಗಿರಬೇಕು. ಇಡೀ ಗೋಳದ ಮೇಲೆ ಹತ್ತಾರು ಕಿ.ಮೀ. ದಪ್ಪಕ್ಕೆ ಒಂದೇ ಹಗುರ ಖನಿಜ ಸೇರಬೇಕಾದರೆ ಒಂದೇ ದಾರಿ: ಚಂದ್ರನ ಹೊರಭಾಗವೆಲ್ಲ ಒಂದು ಕಾಲಕ್ಕೆ ಕರಗಿದ ಶಿಲಾರಸವಾಗಿದ್ದು, ಅದು ತಣಿಯುವಾಗ ಭಾರವಾದ ಖನಿಜಗಳು ಕೆಳಗಿಳಿದು ಹಗುರವಾದ ಫೆಲ್ಡ್‌ಸ್ಪಾರ್ ಮೇಲಕ್ಕೆ ತೇಲಿರಬೇಕು. ಕಾಯಿಸಿ ಆರಿಸಿದ ಹಾಲಿನ ಮೇಲೆ ಕೆನೆ ಕಟ್ಟುವುದನ್ನು ಇಲ್ಲಿ ನೆನೆಯಬಹುದು. 1970ರ ಜನವರಿಯಲ್ಲಿ ಅಮೆರಿಕದ ಹ್ಯೂಸ್ಟನ್ ನಗರದಲ್ಲಿ ನಡೆದ ಸಮ್ಮೇಳನದಲ್ಲಿ ಈ ವಿಚಾರವನ್ನು ಮಂಡಿಸಲಾಯಿತು. ಪೆಟ್ಟಿಗೆಯ ಖಾಲಿ ಜಾಗಕ್ಕೆ ತುಂಬಿದ ಮಣ್ಣಿನ ಸಣ್ಣ ಚೂರುಗಳಿಂದ ಒಂದು ಇಡೀ ಉಪಗ್ರಹದ ಹುಟ್ಟಿನ ಚರಿತ್ರೆ ಹೊರಬಂದಿತು. 1971ರಲ್ಲಿ ಅಪೊಲೊ-15ರ ಯಾತ್ರಿಗಳು ಸುಮಾರು 269 ಗ್ರಾಂ ತೂಕದ ಅನಾರ್ಥೊಸೈಟ್ ಕಲ್ಲನ್ನೇ ಹೆಕ್ಕಿ ತಂದರು. ಅದರ ವಯಸ್ಸು 400 ಕೋಟಿ ವರ್ಷಗಳಿಗೂ ಹೆಚ್ಚು.

ಶಿಲಾರಸದ ಸಾಗರವುಂಟಾಗಲು ಬೇಕಾದ ಅಪಾರ ಶಾಖ ಎಲ್ಲಿಂದ ಬಂದಿತು ಎಂಬುದಕ್ಕೆ ಇಂದು ಹೆಚ್ಚಿನ ವಿಜ್ಞಾನಿಗಳು ಒಪ್ಪಿರುವ ಉತ್ತರವೆಂದರೆ, ಸುಮಾರು 450 ಕೋಟಿ ವರ್ಷಗಳ ಹಿಂದೆ ಎಳೆಯ ಭೂಮಿಗೆ ಮತ್ತೊಂದು ಗ್ರಹದಂಥ ಕಾಯವು ಅಪ್ಪಳಿಸಿ, ಸಿಡಿದ ದ್ರವ್ಯವು ಒಂದುಗೂಡಿ ಚಂದ್ರನಾಯಿತು ಎಂಬುದು. ಚಂದ್ರಶಿಲೆಗಳಲ್ಲಿನ ಆಮ್ಲಜನಕದ ಐಸೊಟೋಪುಗಳ ಪ್ರಮಾಣವು ಭೂಮಿಯ ಶಿಲೆಗಳ ಪ್ರಮಾಣಕ್ಕೆ ಬಹುತೇಕ ಸಮನಾಗಿರುವುದು ಈ ರಕ್ತಸಂಬಂಧವನ್ನು ಸೂಚಿಸುತ್ತದೆ.

ಕುಳಿಗಳು ಮತ್ತು ವಯಸ್ಸಿನ ಲೆಕ್ಕ

ಚಂದ್ರನ ಕುಳಿಗಳು ಜ್ವಾಲಾಮುಖಿಯ ಬಾಯಿಗಳೆಂದು ಬಹುಕಾಲ ನಂಬಲಾಗಿತ್ತು. ಇವುಗಳಲ್ಲಿ ಬಹುತೇಕ ಎಲ್ಲವೂ ಉಲ್ಕೆ, ಕ್ಷುದ್ರಗ್ರಹ ಮತ್ತು ಧೂಮಕೇತುಗಳ ಬಡಿತದಿಂದ ಆದವು ಎಂಬುದು ಈಗ ಖಚಿತವಾಗಿದೆ. ದಕ್ಷಿಣ ಭಾಗದಲ್ಲಿರುವ ಟೈಕೊ ಎಂಬ ಕುಳಿಯು ಸುಮಾರು 85 ಕಿ.ಮೀ. ಅಗಲವಿದೆ. ಹುಣ್ಣಿಮೆಯಂದು ಸಾಧಾರಣ ಬೈನಾಕ್ಯುಲರ್‌ನಲ್ಲಿ ನೋಡಿದರೂ ಅದರಿಂದ ಹೊರಟ ಬಿಳಿಯ ಗೆರೆಗಳು ಕಾಣುತ್ತವೆ. ಅವು ಬಡಿತದಿಂದ ಸಿಡಿದ ದ್ರವ್ಯ. ಟೈಕೊ ಸುಮಾರು 11 ಕೋಟಿ ವರ್ಷ ಹಳೆಯದೆಂದು ಅಂದಾಜಿಸಲಾಗಿದ್ದು, ಚಂದ್ರನ ಲೆಕ್ಕದಲ್ಲಿ ಅದು ಎಳೆಯ ಕುಳಿ. ಅತಿ ದೊಡ್ಡದು ಹಿಂಬದಿಯಲ್ಲಿರುವ ದಕ್ಷಿಣ ಧ್ರುವ–ಐಟ್ಕೆನ್ ಹರಿವಾಣ. ಇದರ ಅಗಲ ಸುಮಾರು 2,500 ಕಿ.ಮೀ. ಬೀದರ್‌ನಿಂದ ಕನ್ಯಾಕುಮಾರಿಗೆ ನೇರ ಅಂತರವನ್ನು ಇಮ್ಮಡಿಗೊಳಿಸಿದರೂ ಅದಕ್ಕೆ ಸಮನಾಗದು.

ಭೂಮಿಗೂ ಇಂತಹ ಬಡಿತಗಳು ತಪ್ಪಲಿಲ್ಲ. ಆದರೆ ಮಳೆ, ನದಿ ಮತ್ತು ಭೂಫಲಕಗಳ ಚಲನೆಯಿಂದ ಅವುಗಳ ಗುರುತುಗಳಲ್ಲಿ ಹೆಚ್ಚಿನವು ಅಳಿಸಿಹೋದವು. ಮಹಾರಾಷ್ಟ್ರದ ಲೋಣಾರ್ ಸರೋವರವು ಉಳಿದುಬಂದವುಗಳಲ್ಲಿ ಒಂದು. ಸುಮಾರು 1.8 ಕಿ.ಮೀ. ಅಗಲದ ಈ ಕುಳಿಯು ಬಸಾಲ್ಟ್ ಶಿಲೆಯಲ್ಲಿಯೇ ಉಂಟಾಗಿರುವುದರಿಂದ ಚಂದ್ರನ ಕುಳಿಗಳಿಗೆ ಹೋಲಿಕೆಯಾಗಿ ವಿಜ್ಞಾನಿಗಳು ಅದನ್ನು ಅಧ್ಯಯನ ಮಾಡುತ್ತ ಬಂದಿದ್ದಾರೆ.

ಒಂದು ಪ್ರದೇಶದಲ್ಲಿ ಕುಳಿಗಳು ಹೆಚ್ಚಿದ್ದಷ್ಟೂ ಆ ನೆಲ ಹಳೆಯದು. ಇದು ಎಣಿಕೆಯ ವಿಷಯ. ಆದರೆ ಎಣಿಕೆಯಿಂದ ಹಿಂದು-ಮುಂದು ಮಾತ್ರ ತಿಳಿಯುತ್ತದೆ. ವರ್ಷಗಳ ಲೆಕ್ಕಕ್ಕೆ ಸ್ಥಳ ಗೊತ್ತಿರುವ ಕಲ್ಲು ಬೇಕು. 1969ರಿಂದ 1972ರವರೆಗೆ ಆರು ಅಪೊಲೊ ತಂಡಗಳು ತಂದ 382 ಕೆ.ಜಿ. ಹಾಗೂ ಸೋವಿಯತ್ ಒಕ್ಕೂಟದ ಮೂರು ಮಾನವರಹಿತ ನೌಕೆಗಳು ತಂದ ಸುಮಾರು 300 ಗ್ರಾಂ ಮಾದರಿಗಳಿಂದ ಈ ಲೆಕ್ಕಕ್ಕೆ ಆಧಾರ ದೊರೆಯಿತು. ಬುಧ, ಮಂಗಳ ಮುಂತಾದ ಗ್ರಹಗಳ ಮೇಲ್ಮೈಯ ವಯಸ್ಸನ್ನು ಅಂದಾಜಿಸುವುದೂ ಇದೇ ಆಧಾರದ ಮೇಲೆ. 2020ರಲ್ಲಿ ಚೀನಾದ ಚಾಂಗ್-ಎ-5 ನೌಕೆಯು ತಂದ 1.7 ಕೆ.ಜಿ. ಮಾದರಿಯಲ್ಲಿನ ಬಸಾಲ್ಟ್ ಸುಮಾರು 200 ಕೋಟಿ ವರ್ಷಗಳಷ್ಟು ಮಾತ್ರ ಹಳೆಯದೆಂದು ತಿಳಿದಾಗ, ಚಂದ್ರನು ಭಾವಿಸಿದ್ದಕ್ಕಿಂತ ಹೆಚ್ಚು ಕಾಲ ಬಿಸಿಯಾಗಿದ್ದನೆಂದು ಒಪ್ಪಬೇಕಾಯಿತು. 2024ರಲ್ಲಿ ಚಾಂಗ್-ಎ-6 ಮೊದಲ ಬಾರಿಗೆ ಹಿಂಬದಿಯಿಂದ 1.9 ಕೆ.ಜಿ.ಗೂ ಹೆಚ್ಚು ಮಾದರಿಯನ್ನು ತಂದಿತು.

ಬೆಂಗಳೂರಿನ ಲಾಲ್‌ಬಾಗ್‌ನಲ್ಲಿ ಕೆಂಪೇಗೌಡರ ಗೋಪುರವಿರುವ ಬಂಡೆಯನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಘೋಷಿಸಲಾಗಿದ್ದು, ಅದರ ವಯಸ್ಸು ಸುಮಾರು 300 ಕೋಟಿ ವರ್ಷಗಳು. ಭೂಮಿಯಲ್ಲಿ ಅದು ಅತ್ಯಂತ ಪುರಾತನ ಶಿಲೆಗಳ ಸಾಲಿಗೆ ಸೇರುತ್ತದೆ. ಚಂದ್ರನಲ್ಲಾದರೆ ಅದೇ ವಯಸ್ಸಿನ ನೆಲವು ಕಿರಿಯದೆನಿಸುತ್ತದೆ. ಭೂಮಿಯು ತನ್ನ ಮೊದಲ ಐವತ್ತು ಕೋಟಿ ವರ್ಷಗಳ ಕಡತವನ್ನು ತಾನೇ ಕಳೆದುಕೊಂಡಿದೆ. ಅದರ ನೆರೆಯಲ್ಲಿ ನಡೆದುದರ ಪ್ರತಿಯು ಚಂದ್ರನಲ್ಲಿ ಉಳಿದಿದೆ. ಈ ಕಾರಣದಿಂದಲೇ ಚಂದ್ರನ ನೆಲದ ಒಂದು ಹಿಡಿ ಮಣ್ಣಿಗೂ ಅಷ್ಟು ಬೆಲೆ.

ಚಂದ್ರನ ಮಣ್ಣು

ಕೋಟ್ಯಂತರ ವರ್ಷಗಳ ಬಡಿತದಿಂದ ಪುಡಿಯಾದ ಪದರವು ಚಂದ್ರನ ಬಹುತೇಕ ಮೇಲ್ಮೈಯನ್ನು ಮುಚ್ಚಿದೆ. ಇದಕ್ಕೆ ರೆಗೋಲಿತ್ ಎಂದು ಹೆಸರು. ಕಪ್ಪು ಬಯಲುಗಳಲ್ಲಿ ಇದು ಸುಮಾರು 4ರಿಂದ 5 ಮೀಟರ್, ಹಳೆಯ ಎತ್ತರದ ಪ್ರದೇಶಗಳಲ್ಲಿ 10 ಮೀಟರ್‌ಗೂ ಹೆಚ್ಚು ದಪ್ಪವಿದೆ. ಇದರಲ್ಲಿ ಜೀವಾಂಶವಿಲ್ಲ. ಉಜ್ಜಿ ನುಣುಪು ಮಾಡುವ ನೀರು-ಗಾಳಿ ಇಲ್ಲದುದರಿಂದ ಇದರ ಕಣಗಳು ಒಡೆದ ಗಾಜಿನಂತೆ ಚೂಪಾಗಿವೆ. ಈ ಧೂಳು ಅಪೊಲೊ ಯಾತ್ರಿಗಳ ಉಡುಪು, ಕೀಲು, ಉಪಕರಣಗಳಿಗೆ ಅಂಟಿ ಬಹಳ ತೊಂದರೆ ಕೊಟ್ಟಿತು. ಅದಕ್ಕೆ ಸುಟ್ಟ ಮದ್ದಿನ ವಾಸನೆಯಿತ್ತೆಂದು ಅವರು ಹೇಳಿದ್ದಾರೆ. ಈ ಪುಡಿಯು ಶಾಖವನ್ನು ಬಹಳ ಕಡಿಮೆ ಸಾಗಿಸುತ್ತದೆ. ವಿಕ್ರಮ್ ಲ್ಯಾಂಡರ್‌ನಲ್ಲಿದ್ದ ಉಷ್ಣಮಾಪಕವು ಮೇಲ್ಮೈಗೂ ಕೆಲವೇ ಸೆಂಟಿಮೀಟರ್ ಆಳಕ್ಕೂ ಹತ್ತಾರು ಡಿಗ್ರಿ ವ್ಯತ್ಯಾಸವನ್ನು ದಾಖಲಿಸಿತು.

ಚಂದ್ರಯಾನದ ಲ್ಯಾಂಡರ್ ಮತ್ತು ರೋವರ್‌ಗಳನ್ನು ಪರೀಕ್ಷಿಸಲು ಇಸ್ರೋ ಸಂಸ್ಥೆಗೆ ಇಂತಹ ಮಣ್ಣು ಅಪಾರ ಪ್ರಮಾಣದಲ್ಲಿ ಬೇಕಾಗಿತ್ತು. ತಮಿಳುನಾಡಿನ ನಾಮಕ್ಕಲ್ ಜಿಲ್ಲೆಯ ಸಿತ್ತಂಪೂಂಡಿಯಲ್ಲಿ ದೊರೆಯುವ ಅನಾರ್ಥೊಸೈಟ್ ಶಿಲೆಯನ್ನು ಪುಡಿ ಮಾಡಿ, ಬೆಂಗಳೂರಿನಲ್ಲಿ ಚಂದ್ರನ ನೆಲಕ್ಕೆ ಹೋಲುವ ಪರೀಕ್ಷಾಂಗಣವನ್ನು ಸಿದ್ಧಪಡಿಸಲಾಯಿತು.

ನೀರು ಮತ್ತು ಚಂದ್ರಯಾನಗಳು

ಅಪೊಲೊ ಮಾದರಿಗಳು ಒಣಗಿದ್ದವೆಂಬ ಕಾರಣದಿಂದ ಚಂದ್ರನಲ್ಲಿ ನೀರಿಲ್ಲವೆಂದು ದಶಕಗಳ ಕಾಲ ನಂಬಲಾಗಿತ್ತು. 2008ರ ಅಕ್ಟೋಬರ್ 22ರಂದು ಉಡಾವಣೆಯಾದ ಚಂದ್ರಯಾನ-1ರಲ್ಲಿದ್ದ ಅಮೆರಿಕದ ಖನಿಜ ನಕ್ಷೆ ಉಪಕರಣವು ಚಂದ್ರನ ಮೇಲ್ಮೈಯಲ್ಲಿ ನೀರು ಮತ್ತು ಹೈಡ್ರಾಕ್ಸಿಲ್ ಅಣುಗಳ ಕುರುಹನ್ನು ಗುರುತಿಸಿತು. 2009ರ ಸೆಪ್ಟೆಂಬರ್‌ನಲ್ಲಿ ಈ ಫಲಿತಾಂಶ ಪ್ರಕಟವಾಯಿತು. ಆ ನೌಕೆಯ ಸಂಕೇತಗಳನ್ನು ಸ್ವೀಕರಿಸಲೆಂದು ಬೆಂಗಳೂರಿನ ಸಮೀಪದ ಬ್ಯಾಲಾಳುವಿನಲ್ಲಿ ದೊಡ್ಡ ಆಂಟೆನಾಗಳನ್ನು ಸ್ಥಾಪಿಸಲಾಗಿತ್ತು. ಇಲ್ಲಿ ನೀರು ಎಂದರೆ ಕೆರೆ ಕುಂಟೆಯಲ್ಲ. ಬಿಸಿಲು ಬೀಳುವ ಕಡೆ ಖನಿಜ ಕಣಗಳಿಗೆ ಅಂಟಿದ ಅತ್ಯಲ್ಪ ಅಂಶ. ಧ್ರುವಗಳ ಬಳಿ ಎಂದೂ ಬಿಸಿಲು ಕಾಣದ ಕುಳಿಗಳ ತಳದಲ್ಲಿ, ಶೂನ್ಯಕ್ಕಿಂತ 200 ಡಿಗ್ರಿ ಕೆಳಗಿನ ಚಳಿಯಲ್ಲಿ, ಮಂಜುಗಡ್ಡೆ.

2019ರಲ್ಲಿ ಚಂದ್ರಯಾನ-2ರ ಲ್ಯಾಂಡರ್ ಇಳಿಯುವಲ್ಲಿ ವಿಫಲವಾಯಿತು, ಅದರ ಕಕ್ಷಾನೌಕೆಯು ಕಾರ್ಯ ಮುಂದುವರಿಸಿತು. ಚಂದ್ರಯಾನ-3 ಸುಮಾರು 69 ಡಿಗ್ರಿ ದಕ್ಷಿಣ ಅಕ್ಷಾಂಶದಲ್ಲಿ ಇಳಿಯಿತು. ಪ್ರಜ್ಞಾನ್ ರೋವರ್ ಸುಮಾರು 100 ಮೀಟರ್ ಚಲಿಸಿ, 23 ಕಡೆ ಮಣ್ಣಿನ ಧಾತುಗಳನ್ನು ಅಳೆಯಿತು. 2024ರಲ್ಲಿ ಪ್ರಕಟವಾದ ಫಲಿತಾಂಶದಂತೆ ಆ ಮಣ್ಣು ಮುಖ್ಯವಾಗಿ ಅನಾರ್ಥೊಸೈಟ್ ಮೂಲದ್ದು. ಐವತ್ತನಾಲ್ಕು ವರ್ಷಗಳ ಹಿಂದೆ ಬಿಳಿಯ ಚೂರುಗಳಿಂದ ಊಹಿಸಿದ್ದು, ಅಲ್ಲಿಂದ ಸಾವಿರಾರು ಕಿ.ಮೀ. ದೂರದ, ಯಾರೂ ಮುಟ್ಟಿರದ ನೆಲದಲ್ಲಿಯೂ ತಾಳೆಯಾಯಿತು. ಆದರೆ ನಿರೀಕ್ಷೆಗಿಂತ ಹೆಚ್ಚು ಮೆಗ್ನೀಸಿಯಂ ಅಲ್ಲಿ ಕಂಡಿತು. ದಕ್ಷಿಣ ಧ್ರುವ–ಐಟ್ಕೆನ್ ಹರಿವಾಣವನ್ನು ಉಂಟುಮಾಡಿದ ಬಡಿತವು ಆಳದಿಂದ ಎತ್ತಿ ಎಸೆದ ದ್ರವ್ಯವು ಆ ಮಣ್ಣಿನಲ್ಲಿ ಬೆರೆತಿರಬಹುದೆಂದು ವಿಜ್ಞಾನಿಗಳು ಅಭಿಪ್ರಾಯಪಟ್ಟಿದ್ದಾರೆ.

"ಚಂದ್ರಶಿಲೆ" ಮತ್ತು "ನಿವೇಶನ" ಮಾರಾಟದ ಬಗ್ಗೆ

ಅಪೊಲೊ ಯಾತ್ರಿಗಳು ತಂದ ಮಾದರಿಗಳು ಅಮೆರಿಕ ಸರ್ಕಾರದ ಸ್ವತ್ತಾಗಿದ್ದು ಖಾಸಗಿ ಮಾರಾಟಕ್ಕೆ ಇಲ್ಲ. ಬಡಿತದಿಂದ ಸಿಡಿದು ತಾವಾಗಿಯೇ ಭೂಮಿಗೆ ಬಿದ್ದ ಚಂದ್ರನ ಉಲ್ಕಾಶಿಲೆಗಳು ಇವೆಯಾದರೂ ಬಹಳ ಅಪರೂಪ. ಅಂಟಾರ್ಕ್ಟಿಕಾದಲ್ಲಿ ಸಿಕ್ಕ ಅಂತಹ ಕಲ್ಲೊಂದನ್ನು ಮೊದಲಿಗೆ ಗುರುತಿಸಿದ್ದು 1982ರಲ್ಲಿ. ಆಭರಣದ ಅಂಗಡಿಯಲ್ಲಿ ದೊರೆಯುವ ಚಂದ್ರಕಾಂತ ಶಿಲೆಯು ಭೂಮಿಯ ಫೆಲ್ಡ್‌ಸ್ಪಾರ್ ಹರಳು. ಎರಡು ಬಗೆಯ ಫೆಲ್ಡ್‌ಸ್ಪಾರ್ ತೆಳು ಪದರಗಳಾಗಿ ಸೇರಿರುವುದರಿಂದ ಅದರಲ್ಲಿ ಬೆಳದಿಂಗಳಂಥ ಹೊಳಪು ಕಾಣುತ್ತದೆ. ಹೆಸರು ಸುಂದರವಾಗಿದೆ, ಆದರೆ ಅದಕ್ಕೂ ಚಂದ್ರನಿಗೂ ಸಂಬಂಧವಿಲ್ಲ. ಹೊಲದಲ್ಲಿ ಸಿಗುವ ಭಾರವಾದ, ರಂಧ್ರಗಳುಳ್ಳ ಕಪ್ಪು ಕಲ್ಲು ಅನೇಕ ವೇಳೆ ಹಿಂದಿನ ಕಾಲದಲ್ಲಿ ಕಬ್ಬಿಣ ಕರಗಿಸಿದಾಗ ಉಳಿದ ಕಿಟ್ಟವಾಗಿರುತ್ತದೆ. ನಿಜವಾದ ಚಂದ್ರಶಿಲೆಯನ್ನು ಕಣ್ಣಿನಿಂದ ನೋಡಿ ಖಚಿತಪಡಿಸಲು ಸಾಧ್ಯವಿಲ್ಲ. ಖನಿಜಗಳಲ್ಲಿ ಕಬ್ಬಿಣ ಹಾಗೂ ಮ್ಯಾಂಗನೀಸ್ ಪ್ರಮಾಣ, ಆಮ್ಲಜನಕದ ಐಸೊಟೋಪುಗಳು ಇವೇ ಮುಂತಾದ ಪರೀಕ್ಷೆಗಳು ಪ್ರಯೋಗಾಲಯದಲ್ಲಿ ಆಗಬೇಕು. ಆದುದರಿಂದ ಕಲ್ಲಿನೊಂದಿಗೆ ಕೊಡುವ ಮುದ್ರಿತ ಪ್ರಮಾಣಪತ್ರವನ್ನಷ್ಟೇ ನಂಬಿ ಹಣ ಪಾವತಿಸುವುದು ಉಚಿತವಲ್ಲ.

ನಿವೇಶನದ ವಿಷಯವು ಇನ್ನೂ ಸರಳ. 1967ರ ಬಾಹ್ಯಾಕಾಶ ಒಪ್ಪಂದದಂತೆ ಯಾವುದೇ ರಾಷ್ಟ್ರವು ಚಂದ್ರನನ್ನಾಗಲಿ ಅದರ ಭಾಗವನ್ನಾಗಲಿ ತನ್ನದಾಗಿಸಿಕೊಳ್ಳುವಂತಿಲ್ಲ. ಭಾರತವೂ ಈ ಒಪ್ಪಂದಕ್ಕೆ ಸೇರಿದ ರಾಷ್ಟ್ರ. ಸರ್ಕಾರಗಳಿಗೇ ಇಲ್ಲದ ಹಕ್ಕನ್ನು ಬೇರೊಬ್ಬರು ವರ್ಗಾಯಿಸಲು ಬರುವುದಿಲ್ಲ. ಚಂದ್ರನ ನೆಲಕ್ಕೆ ಪಹಣಿಯಿಲ್ಲ, ಖಾತೆಯಿಲ್ಲ, ನೋಂದಣಿಯೂ ಇಲ್ಲ.

ಆಕಾಶದಿಂದ ಕಲ್ಲು ಬಿದ್ದುದನ್ನು ಕಂಡವರು ಅಥವಾ ಅಂತಹ ಕಲ್ಲು ದೊರೆತವರು ಅದನ್ನು ತೊಳೆಯಬಾರದು, ಒಡೆಯಬಾರದು, ಅಯಸ್ಕಾಂತವನ್ನು ಹಿಡಿದು ಪರೀಕ್ಷಿಸಬಾರದು. ಅಯಸ್ಕಾಂತದಿಂದ ಕಲ್ಲಿನಲ್ಲಿರುವ ಮೂಲ ಕಾಂತೀಯ ಗುರುತು ಅಳಿಸಿಹೋಗುತ್ತದೆ. ದೊರೆತ ಸ್ಥಳ, ದಿನಾಂಕ ಮತ್ತು ವೇಳೆಯನ್ನು ಬರೆದಿಟ್ಟು, ಶುಭ್ರವಾದ ಒಣ ಚೀಲದಲ್ಲಿ ಕಲ್ಲನ್ನು ಇರಿಸಿ ಸ್ಥಳೀಯ ತಹಶೀಲ್ದಾರರ ಕಚೇರಿಗೆ ಅಥವಾ ಪೊಲೀಸ್ ಠಾಣೆಗೆ ತಿಳಿಸತಕ್ಕದ್ದು. ದೇಶದಲ್ಲಿ ಬಿದ್ದ ಉಲ್ಕಾಶಿಲೆಗಳ ಸಂರಕ್ಷಣೆ ಹಾಗೂ ಅಧ್ಯಯನದ ಹೊಣೆಯು ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಸಂಸ್ಥೆಯದಾಗಿದೆ.